ಕಾರಾಪುರದ ಸಾಬುವನ್ನು ಜಗತ್ತಿಗೆ ತೋರಿಸಿದ ಫ್ಲಾಹರ್ಟಿ: ಕಾದು ಕೂತು ಸಿನಿಮಾ ಮಾಡಿದವರ ಕಥೆ

ಎಚ್.ಡಿ. ಕೋಟೆ: ಕಬಿನಿ ಸಫಾರಿಗೆ ಬರೋರಿಗೆಲ್ಲ ಕಾರಾಪುರ ಗೊತ್ತು. ರೆಸಾರ್ಟು, ಜೀಪು, ಹುಲಿ ಕಾಣಿಸ್ತಾ ಇಲ್ವಾ ಅನ್ನೋ ಮಾತು, ಅಷ್ಟಕ್ಕೆ ಊರಿನ ಸುದ್ದಿ ಮುಗಿದು ಹೋಗುತ್ತೆ. ಆದರೆ ಇದೇ ಕಾರಾಪುರದಲ್ಲಿ 1924ರಲ್ಲಿ ಮಾವುತನ ಮನೆಯಲ್ಲಿ ಹುಟ್ಟಿದ ಒಬ್ಬ ಹುಡುಗ ಹದಿಮೂರನೇ ವಯಸ್ಸಿಗೆ ಲಂಡನ್ ಜನ ಟಿಕೆಟ್ ತಗೊಂಡು ನೋಡೋ ಹೀರೋ ಆದ. ಮುಂದೆ ಹಾಲಿವುಡ್‌ಗೂ ಹೋದ. ಅವನೇ ಸಾಬು.

ಸಾಬು ಹೆಸರನ್ನಾದರೂ ಕೆಲವರು ಕೇಳಿರ್ತಾರೆ. ಅವನನ್ನು ಮೊದಲು ಕ್ಯಾಮೆರಾ ಮುಂದೆ ನಿಲ್ಲಿಸಿದವರ ಹೆಸರು ಗೊತ್ತಿರೋರು ಕಡಿಮೆ. ಅವರು ಅಮೆರಿಕದ ರಾಬರ್ಟ್ ಜೋಸೆಫ್ ಫ್ಲಾಹರ್ಟಿ. ಸಾಕ್ಷ್ಯಚಿತ್ರದ ತಂದೆ ಅಂತ ಪ್ರಪಂಚದ ಸಿನಿಮಾದವರು ಕರೆಯೋದು ಇವರನ್ನೇ. ಹಿಮದ ನಾಡು, ಸಮುದ್ರದ ನಡುವಿನ ದ್ವೀಪ, ಕಲ್ಲುಬಂಡೆಯ ಊರು, ಮೈಸೂರಿನ ಕಾಡು, ಹೀಗೆ ಎಲ್ಲೇ ಹೋದರೂ ಮೊದಲು ಅಲ್ಲಿ ಮನೆ ಮಾಡಿ, ಜನರ ಜೊತೆ ಇದ್ದು, ನೋಡಿ ನೋಡಿ, ಆಮೇಲೆ ಸಿನಿಮಾ ತೆಗೆದವರು. ಆ ಕಾಯುವಿಕೆಗೆ ದುಡ್ಡು ಹಾಕಿದವರು ಬೈದುಕೊಂಡಿದ್ದೂ ಉಂಟು. ಕಾದಿದ್ದಕ್ಕೆ ಸಿಕ್ಕಿದ್ದು ಏನು, ಅದಕ್ಕೆ ಬೆಲೆ ಕೊಟ್ಟವರು ಯಾರು ಅನ್ನೋದೇ ಅವರ ಬದುಕಿನ ಕಥೆ.

ಕಾಲೇಜು ಬಿಟ್ಟ ಹುಡುಗ, ಅದಿರು ಹುಡುಕೋ ಕೆಲಸ

ಫ್ಲಾಹರ್ಟಿ ಹುಟ್ಟಿದ್ದು 1884ರ ಫೆಬ್ರವರಿ 16ರಂದು, ಅಮೆರಿಕದ ಮಿಷಿಗನ್ ರಾಜ್ಯದ ಐರನ್ ಮೌಂಟನ್ ಅನ್ನೋ ಊರಲ್ಲಿ. ಹೆಸರೇ ಹೇಳುವ ಹಾಗೆ ಅದು ಕಬ್ಬಿಣದ ಅದಿರಿನ ಊರು. ಅಪ್ಪ ಅದಿರು ಎಲ್ಲಿದೆ ಅಂತ ಹುಡುಕಿ ಹೇಳುವ ಕೆಲಸದವರು. ಹುಡುಗ ಸಣ್ಣವನಿದ್ದಾಗಿಂದಲೇ ಅಪ್ಪನ ಹಿಂದೆ ಕೆನಡಾದ ಕಾಡು, ಗಣಿ ಸುತ್ತಿದ. ಪಾಠಕ್ಕಿಂತ ಅಲೆದಾಟವೇ ಜಾಸ್ತಿ. ಪಿಟೀಲು ನುಡಿಸೋದು ಒಂದು ಹುಚ್ಚು. ಆ ಪಿಟೀಲು ಮುಂದೆ ಹಿಮದ ನಾಡಿಗೂ ಇವರ ಜೊತೆ ಹೋಯಿತು.

ಮಿಷಿಗನ್‌ನ ಗಣಿ ಕಾಲೇಜಿಗೆ ಸೇರಿಸಿದರು. ಕೆಲವೇ ತಿಂಗಳಲ್ಲಿ ಕಾಲೇಜಿನವರು ಇವರನ್ನು ಮನೆಗೆ ಕಳಿಸಿಬಿಟ್ಟರು. ಡಿಗ್ರಿ ಸಿಗಲಿಲ್ಲ. ಆದರೆ ಅಲ್ಲೇ ಫ್ರಾನ್ಸಿಸ್ ಹಬರ್ಡ್ ಅನ್ನೋ ಹುಡುಗಿಯ ಪರಿಚಯ ಆಯ್ತು. ಆಕೆ ಭೂವಿಜ್ಞಾನಿಯೊಬ್ಬರ ಮಗಳು, ಓದಿದವರು. 1914ರಲ್ಲಿ ಇಬ್ಬರೂ ಮದುವೆಯಾದರು. ಫ್ಲಾಹರ್ಟಿ ಮಾಡಿದ ಬಹುಪಾಲು ಸಿನಿಮಾದಲ್ಲಿ ಫ್ರಾನ್ಸಿಸ್ ಕೈ ಇದೆ. ಫೋಟೋ ತೆಗೆದರು, ಬರೆದರು, ಜಗಳ ಬಿಡಿಸಿದರು, ಮೂರು ಹೆಣ್ಣುಮಕ್ಕಳನ್ನು ಬೆಳೆಸಿದರು.

ಕಾಲೇಜು ಬಿಟ್ಟ ಫ್ಲಾಹರ್ಟಿಗೆ ಗೊತ್ತಿದ್ದ ಕೆಲಸ ಅಪ್ಪನದ್ದೇ. 1910ರಲ್ಲಿ ಕೆನಡಾದ ರೈಲ್ವೆ ಧಣಿ ಸರ್ ವಿಲಿಯಂ ಮೆಕೆಂಜಿ ಇವರನ್ನು ಉತ್ತರದ ಹಡ್ಸನ್ ಕೊಲ್ಲಿಗೆ ಕಳಿಸಿದರು. ಅಲ್ಲಿನ ದ್ವೀಪಗಳಲ್ಲಿ ಕಬ್ಬಿಣದ ಅದಿರು ಇದೆಯಾ ನೋಡಿಕೊಂಡು ಬರಬೇಕಿತ್ತು. ವರ್ಷದ ಬಹುಪಾಲು ಹಿಮ ಮುಚ್ಚಿರುವ ಜಾಗ. ನಾಯಿ ಎಳೆಯುವ ಗಾಡಿಯಲ್ಲಿ, ದೋಣಿಯಲ್ಲಿ ಓಡಾಟ.

ಅಲ್ಲಿ ಇವರನ್ನು ಬದುಕಿಸಿದ್ದು ಇನೂಯಿಟ್ ಜನ. ಆ ಕಾಲದಲ್ಲಿ ಅವರನ್ನು ಎಸ್ಕಿಮೊ ಅಂತ ಕರೆಯುತ್ತಿದ್ದರು. ಸರ್ಕಾರದ ನಕ್ಷೆಯಲ್ಲಿ ಬೆಲ್ಚರ್ ದ್ವೀಪಗಳು ಬರೀ ಚುಕ್ಕಿಗಳಾಗಿದ್ದವು. ವೆಟಾಲ್ಟಕ್ ಅನ್ನೋ ಇನೂಯಿಟ್ ಮನುಷ್ಯ ಅದೆಲ್ಲ ದೊಡ್ಡ ದ್ವೀಪ ಅಂತ ಹೇಳಿ ತನ್ನ ನೆನಪಿನಿಂದಲೇ ನಕ್ಷೆ ಬರೆದುಕೊಟ್ಟ. ಹೋಗಿ ನೋಡಿದರೆ ಆತ ಬರೆದದ್ದೇ ಸರಿ ಇತ್ತು. ಓದಿದವರ ನಕ್ಷೆಗಿಂತ ಅಲ್ಲೇ ಬದುಕಿದವನ ಕಣ್ಣು ಸರಿ ಅನ್ನೋ ಪಾಠ ಇವರಿಗೆ ಸಿಕ್ಕಿದ್ದು ಹೀಗೆ. ತಮಾಷೆ ಅಂದ್ರೆ ಅಲ್ಲಿನ ದೊಡ್ಡ ದ್ವೀಪಕ್ಕೆ ಹೆಸರಿಟ್ಟಿದ್ದು ಮಾತ್ರ ಫ್ಲಾಹರ್ಟಿಯದ್ದು.

ಒಂದು ಸಿಗರೇಟಿಗೆ ಸುಟ್ಟು ಹೋದ ಸಿನಿಮಾ

1913ರಲ್ಲಿ ಮೆಕೆಂಜಿ ಒಂದು ಸಲಹೆ ಕೊಟ್ಟರು. ಹೇಗಿದ್ದರೂ ಹೋಗ್ತೀಯ, ಒಂದು ಸಿನಿಮಾ ಕ್ಯಾಮೆರಾನೂ ತಗೊಂಡು ಹೋಗು ಅಂತ. ಫ್ಲಾಹರ್ಟಿಗೆ ಕ್ಯಾಮೆರಾ ಗಂಧಗಾಳಿ ಗೊತ್ತಿರಲಿಲ್ಲ. ನ್ಯೂಯಾರ್ಕ್ ರಾಜ್ಯದ ರೋಚೆಸ್ಟರ್‌ನಲ್ಲಿ ಮೂರು ವಾರ ಕಲಿತರು. ಅಷ್ಟೇ ಅವರ ಸಿನಿಮಾ ಶಿಕ್ಷಣ.

ಎರಡು ಪ್ರವಾಸದಲ್ಲಿ ಸಾವಿರಾರು ಅಡಿ ರೀಲು ತೆಗೆದುಕೊಂಡು ಬಂದರು. 1916ರಲ್ಲಿ ಟೊರಾಂಟೊದಲ್ಲಿ ಕೂತು ಎಡಿಟ್ ಮಾಡ್ತಿದ್ದಾಗ ಕೈಯಲ್ಲಿದ್ದ ಸಿಗರೇಟಿನ ಕಿಡಿ ನೆಗೆಟಿವ್ ಮೇಲೆ ಬಿತ್ತು. ಆಗಿನ ಫಿಲ್ಮು ನೈಟ್ರೇಟ್‌ನದ್ದು, ಮದ್ದಿನ ಹಾಗೆ ಹೊತ್ತಿಕೊಳ್ಳುತ್ತಿತ್ತು. ಸುಮಾರು 30 ಸಾವಿರ ಅಡಿ ನೆಗೆಟಿವ್ ಬೂದಿಯಾಯ್ತು. ಆರಿಸಲು ಹೋಗಿ ಇವರ ಕೈಯೂ ಸುಟ್ಟಿತು.

ಒಂದು ಪ್ರಿಂಟ್ ಮಾತ್ರ ಉಳಿದಿತ್ತು. ಅದನ್ನು ನಾಲ್ಕು ಜನಕ್ಕೆ ತೋರಿಸಿದರು. ನೋಡಿದವರು ಒಳ್ಳೇದಿದೆ ಅಂದರೂ ಇವರಿಗೇ ಸಮಾಧಾನ ಆಗಲಿಲ್ಲ. ಇಲ್ಲೊಂದು ದೃಶ್ಯ, ಅಲ್ಲೊಂದು ದೃಶ್ಯ, ಒಂದಕ್ಕೊಂದು ದಾರ ಇಲ್ಲ. ಪ್ರವಾಸ ಹೋದವನು ನೋಡಿದ್ದು ಕಾಣ್ತಿತ್ತೇ ಹೊರತು ಅಲ್ಲಿ ಬದುಕೋರ ಬದುಕು ಕಾಣ್ತಿರಲಿಲ್ಲ. ಮತ್ತೆ ಹೋಗಬೇಕು, ಒಬ್ಬನೇ ಮನುಷ್ಯ, ಅವನ ಒಂದು ಸಂಸಾರ, ಅದನ್ನೇ ಹಿಡಿದು ತೋರಿಸಬೇಕು ಅಂತ ದಂಪತಿ ತೀರ್ಮಾನ ಮಾಡಿದರು. ಆದರೆ ದುಡ್ಡು? ಅದು ಹುಟ್ಟೋಕೆ ನಾಲ್ಕು ವರ್ಷ ಹಿಡಿಯಿತು.

ನಾನೂಕ್: ಊರಿನವರೇ ಕೆಲಸಗಾರರು, ಊರಿನವರೇ ಮೊದಲ ಪ್ರೇಕ್ಷಕರು

ಕೊನೆಗೆ ದುಡ್ಡು ಕೊಟ್ಟಿದ್ದು ರೆವಿಯೋನ್ ಫ್ರೆರ್ ಅನ್ನೋ ಫ್ರೆಂಚ್ ತುಪ್ಪಳ ವ್ಯಾಪಾರದ ಕಂಪನಿ. ಸುಮಾರು 53 ಸಾವಿರ ಡಾಲರ್. ಹಡ್ಸನ್ ಕೊಲ್ಲಿಯ ಪೂರ್ವ ದಂಡೆಯ ಇನುಕ್ಜುವಾಕ್‌ನಲ್ಲಿ ಅವರದ್ದೊಂದು ಅಂಗಡಿ ಇತ್ತು. ನರಿ ಚರ್ಮ ತಂದುಕೊಟ್ಟು ಚಾಕು, ಮಣಿ, ಬಂದೂಕು ತಗೊಂಡು ಹೋಗುವ ವ್ಯವಹಾರ. 1920ರ ಆಗಸ್ಟ್‌ನಲ್ಲಿ ಫ್ಲಾಹರ್ಟಿ ಅಲ್ಲಿಗೆ ಹೋಗಿ ಇಳಿದರು. ಹೊರಡೋ ಹೊತ್ತಿಗೆ ಒಂದು ವರ್ಷ ಕಳೆದಿತ್ತು.

ಇವರು ತಗೊಂಡು ಹೋದ ಸಾಮಾನಿನಲ್ಲೇ ಇವರ ಕೆಲಸದ ರೀತಿ ಇದೆ. ಎರಡು ಏಕ್ಲಿ ಕ್ಯಾಮೆರಾ. ಅದಕ್ಕೆ ಎಣ್ಣೆ ಬದಲು ಗ್ರಾಫೈಟ್ ಹಾಕೋದು, ಹಾಗಾಗಿ ಚಳಿಗೆ ಹೆಪ್ಪುಗಟ್ಟುತ್ತಿರಲಿಲ್ಲ. ಅದರ ಜೊತೆ ರೀಲು ತೊಳೆಯುವ, ಪ್ರಿಂಟ್ ಹಾಕುವ ಯಂತ್ರ, ಜನರೇಟರು, ಪ್ರೊಜೆಕ್ಟರು. ಇಷ್ಟೆಲ್ಲ ಯಾಕೆ ಅಂದ್ರೆ, ತೆಗೆದಿದ್ದನ್ನು ಅಲ್ಲೇ ತೊಳೆದು ಅಲ್ಲೇ ನೋಡಬೇಕು. ತಾವೊಬ್ಬರೇ ನೋಡೋದಲ್ಲ, ಕ್ಯಾಮೆರಾ ಮುಂದೆ ನಿಂತವರೂ ನೋಡಬೇಕು.

ಮೊದಲು ತೆಗೆದ ದೊಡ್ಡ ದೃಶ್ಯ ವಾಲ್ರಸ್ ಬೇಟೆ. ವಾಲ್ರಸ್ ಅಂದ್ರೆ ದಂತ ಇರುವ, ಎಮ್ಮೆಗಿಂತ ಭಾರದ ಸಮುದ್ರ ಪ್ರಾಣಿ. ನಾಲ್ಕೈದು ಜನ ಹಗ್ಗ ಹಿಡಿದು ಎಳೆಯುತ್ತಾರೆ, ಅದು ನೀರಿಗೆ ಎಳೆಯುತ್ತೆ. ಆ ರೀಲನ್ನು ಗುಡಿಸಲಿನ ಗೋಡೆಗೆ ಕಂಬಳಿ ಕಟ್ಟಿ ಊರಿನವರಿಗೆ ತೋರಿಸಿದರು. ಸಿನಿಮಾ ಅಂದ್ರೆ ಏನು ಅಂತಲೇ ನೋಡದ ಜನ. ಸ್ವಲ್ಪ ಹೊತ್ತಲ್ಲೇ ಎದ್ದು ನಿಂತು, ಹಿಡ್ಕೊಳ್ರೋ ಬಿಡಬೇಡ್ರೋ ಅಂತ ಪರದೆಯ ಮೇಲಿದ್ದವರಿಗೆ ಕೂಗೋಕೆ ಶುರು ಮಾಡಿದರು. ಅವತ್ತಿಂದ ಸಿನಿಮಾ ಊರಿನದ್ದಾಯ್ತು. ಮುಂದೆ ಯಾವ ಬೇಟೆ ತೆಗೆಯಬೇಕು, ಎಲ್ಲಿಗೆ ಹೋಗಬೇಕು ಅಂತ ಅವರೇ ಹೇಳತೊಡಗಿದರು. ಕ್ಯಾಮೆರಾ ಬಿಚ್ಚಿ ಒರೆಸಿ ಜೋಡಿಸೋದು ಕಲಿತರು. ಮಂಜುಗಡ್ಡೆ ಕೊರೆದು ಪೀಪಾಯಿಗಟ್ಟಲೆ ನೀರು ಹೊತ್ತು ತಂದು ರೀಲು ತೊಳೆದರು. ನೀರಲ್ಲಿ ತುಪ್ಪಳದ ಕೂದಲು ಬಂದರೆ ಸೋಸಿದರು.

ಎಲ್ಲ ಸಲವೂ ಕಾದಿದ್ದಕ್ಕೆ ಫಲ ಸಿಗಲಿಲ್ಲ. ಹಿಮಕರಡಿ ಬೇಟೆ ತೆಗೆಯೋಣ ಅಂತ ನಾಯಿಗಾಡಿ ಕಟ್ಟಿಕೊಂಡು ವಾರಗಟ್ಟಲೆ ಹೋದರು. ತಿನ್ನೋಕೆ ಇಲ್ಲದೆ ಸಾಯೋ ಸ್ಥಿತಿ ಬಂತು. ಒಂದೇ ಒಂದು ಕರಡಿಯ ಶಾಟ್ ಸಿಗದೆ ವಾಪಸ್ ಬಂದರು.

ಮುಖ್ಯ ಪಾತ್ರ ಮಾಡಿದ ಬೇಟೆಗಾರನ ನಿಜ ಹೆಸರು ಅಲ್ಲಾಕರಿಯಾಲ್ಲಾಕ್. ಸಿನಿಮಾಕ್ಕೆ ಇಟ್ಟ ಹೆಸರು ನಾನೂಕ್, ಕರಡಿ ಅಂತ ಅರ್ಥ. ಮಂಜಿನಲ್ಲಿ ತೂತು ಮಾಡಿ ಸೀಲ್ ಬರೋದನ್ನೇ ಕಾಯುತ್ತಾ ನಿಲ್ಲೋದು, ಚಾಕುವಿನಲ್ಲಿ ಹಿಮ ಕೊಯ್ದು ಇಟ್ಟಿಗೆ ಮಾಡಿ ಮನೆ ಕಟ್ಟೋದು, ಮಂಜುಗಡ್ಡೆಯ ತುಂಡನ್ನೇ ಕಿಟಕಿ ಗಾಜಿನ ಹಾಗೆ ಕೂರಿಸೋದು, ಇದನ್ನೆಲ್ಲ ಫ್ಲಾಹರ್ಟಿ ಅವಸರ ಇಲ್ಲದೆ ಹಿಡಿದಿದ್ದಾರೆ. ಆತ ಏನು ಮಾಡ್ತಿದ್ದಾನೆ ಅಂತ ನೋಡೋರಿಗೆ ಮೊದಲಿಗೆ ತಿಳಿಯಲ್ಲ. ಕೆಲಸ ಮುಗಿದ ಮೇಲೆ ಅದು ಕಿಟಕಿ ಅಂತ ಗೊತ್ತಾಗುತ್ತೆ.

ನ್ಯೂಯಾರ್ಕಿಗೆ ತಂದಾಗ ಹಲವು ಕಂಪನಿಯವರು ಇದನ್ನು ಯಾರು ನೋಡ್ತಾರೆ ಅಂತ ವಾಪಸ್ ಕಳಿಸಿದರು. ಪಾತೆ ಕಂಪನಿ ತಗೊಂಡಿತು. 1922ರ ಜೂನ್‌ನಲ್ಲಿ 'ನಾನೂಕ್ ಆಫ್ ದಿ ನಾರ್ತ್' ಬಿಡುಗಡೆ ಆಯ್ತು. ಅಮೆರಿಕದಲ್ಲೂ ಯುರೋಪಿನಲ್ಲೂ ಜನ ಮುಗಿಬಿದ್ದು ನೋಡಿದರು. ಜರ್ಮನಿಯಲ್ಲಿ ನಾನೂಕ್ ಹೆಸರಿನ ಐಸ್‌ಕ್ರೀಂ ಮಾರಾಟಕ್ಕೆ ಬಂತು.

ನಿಜ ಎಷ್ಟು, ನಾಟಕ ಎಷ್ಟು

ಇಲ್ಲೇ ಫ್ಲಾಹರ್ಟಿ ಮೇಲಿನ ದೂರೂ ಶುರುವಾಗೋದು. ಸಿನಿಮಾದಲ್ಲಿ ನಾನೂಕ್ ಈಟಿ ಹಿಡಿದು ಬೇಟೆಯಾಡುತ್ತಾನೆ. ನಿಜದಲ್ಲಿ ಆ ಹೊತ್ತಿಗೆ ಅವರೆಲ್ಲ ಬಂದೂಕು ಬಳಸುತ್ತಿದ್ದರು. ಹಿಮದ ಮನೆಯೊಳಗೆ ಕ್ಯಾಮೆರಾಕ್ಕೆ ಬೆಳಕು ಸಾಲಲ್ಲ ಅಂತ ದೊಡ್ಡದೊಂದು ಮನೆ ಕಟ್ಟಿಸಿ ಅರ್ಧ ಗೋಡೆ ತೆಗೆಸಿದರು. ಸಂಸಾರ ಚಳಿಯಲ್ಲೇ ನಿದ್ದೆಯ ನಟನೆ ಮಾಡಿತು. ಗ್ರಾಮಫೋನ್ ತಟ್ಟೆಯನ್ನು ನಾನೂಕ್ ಹಲ್ಲಲ್ಲಿ ಕಚ್ಚಿ ನೋಡುವ ತಮಾಷೆಯೂ ಹೇಳಿ ಮಾಡಿಸಿದ್ದೇ. ಹೆಂಡತಿಯಾಗಿ ಕಾಣುವ ನೈಲಾ ಅವನ ಹೆಂಡತಿ ಅಲ್ಲ.

ಫ್ಲಾಹರ್ಟಿ ಇದನ್ನು ತಪ್ಪು ಅಂತ ನೋಡಲಿಲ್ಲ. ಬಿಳಿಯರು ಬಂದು ಕೆಡಿಸುವ ಮೊದಲು ಆ ಜನ ಹೇಗಿದ್ದರು ಅಂತ ತೋರಿಸಬೇಕು ಅನ್ನೋದು ಅವರ ಆಸೆ. ಆದರೆ ಆ ತುಪ್ಪಳದ ವ್ಯಾಪಾರ ಆ ಜನರ ಬದುಕನ್ನು ಹೇಗೆ ಬದಲಾಯಿಸ್ತಿತ್ತು ಅನ್ನೋದನ್ನ ಅದೇ ವ್ಯಾಪಾರದ ದುಡ್ಡಲ್ಲಿ ತೆಗೆದ ಸಿನಿಮಾ ತೋರಿಸಲಿಲ್ಲ.

ಸಿನಿಮಾ ಬಂದು ಹೆಚ್ಚು ಕಾಲ ಆಗಿರಲಿಲ್ಲ, ಅಲ್ಲಾಕರಿಯಾಲ್ಲಾಕ್ ಸತ್ತುಹೋದ. ಬೇಟೆಗೆ ಹೋಗಿ ಹಸಿವಿನಿಂದ ಸತ್ತ ಅಂತ ಪ್ರಚಾರ ಆಯ್ತು. ಮನೆಯಲ್ಲೇ ಕಾಯಿಲೆಯಿಂದ ತೀರಿಕೊಂಡಿರಬೇಕು ಅನ್ನೋದು ಆಮೇಲೆ ವಿಚಾರಿಸಿದವರ ಮಾತು.

ಇನ್ನೊಂದು ವಿಷಯವನ್ನು ಫ್ಲಾಹರ್ಟಿ ಬದುಕಿರುವವರೆಗೂ ಹೊರಗೆ ಹೇಳಲಿಲ್ಲ. ನೈಲಾ ಪಾತ್ರ ಮಾಡಿದ ಮ್ಯಾಗಿ ಅನ್ನೋ ಹೆಣ್ಣುಮಗಳಿಗೆ ಇವರಿಂದ ಒಂದು ಗಂಡು ಮಗು ಆಯ್ತು. ಮಗು ಹುಟ್ಟಿದ್ದು 1921ರ ಡಿಸೆಂಬರ್‌ನಲ್ಲಿ. ಅಷ್ಟೊತ್ತಿಗೆ ಇವರು ಊರು ಬಿಟ್ಟು ನಾಲ್ಕು ತಿಂಗಳಾಗಿತ್ತು. ಮತ್ತೆ ಆ ಕಡೆ ಹೋಗಲೇ ಇಲ್ಲ, ಮಗನನ್ನು ನೋಡಲೇ ಇಲ್ಲ. ಜೋಸೆಫಿ ಫ್ಲಾಹರ್ಟಿ ಅನ್ನೋ ಆ ಮಗನ ಸಂಸಾರವನ್ನು 1955ರಲ್ಲಿ ಕೆನಡಾ ಸರ್ಕಾರ ಇನುಕ್ಜುವಾಕ್‌ನಿಂದ ಎತ್ತಿ ಸಾವಿರಾರು ಕಿಲೋಮೀಟರ್ ಉತ್ತರದ ಗ್ರೀಸ್ ಫಿಯೊರ್ಡ್‌ಗೆ ಸಾಗಿಸಿತು. ಚಳಿಗಾಲದಲ್ಲಿ ತಿಂಗಳುಗಟ್ಟಲೆ ಸೂರ್ಯನೇ ಹುಟ್ಟದ ಜಾಗ ಅದು. ಹಾಗೆ ಜನರನ್ನು ಸಾಗಿಸಿದ್ದು ತಪ್ಪು ಅಂತ ಸರ್ಕಾರ ಕ್ಷಮೆ ಕೇಳಿದ್ದು 2010ರಲ್ಲಿ. ವರ್ಷಗಟ್ಟಲೆ ಒಂದೂರಿನಲ್ಲಿ ಕೂತು ನೋಡಿದ ಮನುಷ್ಯ ತನ್ನ ಮಗನ ಕಡೆಗೇ ತಿರುಗಿ ನೋಡಲಿಲ್ಲ ಅನ್ನೋದು ಅವರ ಬದುಕಿನ ಕಪ್ಪು ಚುಕ್ಕಿ.

ಸಮೋವಾ ದ್ವೀಪದಲ್ಲಿ ಕೆಲಸಕ್ಕೆ ಸಿಕ್ಕ ಹೆಸರು

ನಾನೂಕ್ ಗೆದ್ದ ಮೇಲೆ ಹಾಲಿವುಡ್‌ನ ಪ್ಯಾರಾಮೌಂಟ್ ಕಂಪನಿ ಇನ್ನೊಂದು ನಾನೂಕ್ ತಗೊಂಡು ಬಾ ಅಂತ ಇವರನ್ನು 1923ರಲ್ಲಿ ಪೆಸಿಫಿಕ್ ಸಾಗರದ ಸಮೋವಾಕ್ಕೆ ಕಳಿಸಿತು. ಹೆಂಡತಿ, ಮೂವರು ಮಕ್ಕಳು, ತಮ್ಮ ಡೇವಿಡ್, ಎಲ್ಲರೂ ಸವಾಯಿ ದ್ವೀಪದ ಸಫೂನೆ ಹಳ್ಳಿಯಲ್ಲಿ ಬಿಡಾರ ಹೂಡಿದರು.

ಆದರೆ ಅಲ್ಲಿ ಹಿಮ ಇಲ್ಲ, ಹಸಿವಿನ ಜೊತೆ ಹೋರಾಟ ಇಲ್ಲ. ತೆಂಗು, ಮೀನು, ಗೆಡ್ಡೆ, ಎಲ್ಲ ಕೈಗೆ ಸಿಗುತ್ತೆ. ಸಿನಿಮಾಕ್ಕೆ ಬೇಕಾದ ಗುದ್ದಾಟ ಹುಡುಕಿ ಹುಡುಕಿ ತಿಂಗಳುಗಳು ಹೋದವು. ರೀಲು ತೊಳೆಯುತ್ತಿದ್ದ ಗುಹೆಯ ನೀರು ಕುಡಿದು ಫ್ಲಾಹರ್ಟಿ ಹಾಸಿಗೆ ಹಿಡಿದರು. ನೀರಿಗೆ ಬೆಳ್ಳಿಯ ರಾಸಾಯನಿಕ ಸೇರಿತ್ತು. ಕೊನೆಗೆ ಅವರು ಹಿಡಿದಿದ್ದು ದಿನದ ಕೆಲಸಗಳನ್ನೇ. ಮರದ ತೊಗಟೆ ಬಡಿದು ಬಟ್ಟೆ ಮಾಡೋದು, ಅಡುಗೆ, ಹುಡುಗನೊಬ್ಬ ತೆಂಗಿನ ಮರ ಹತ್ತೋದು, ಗಂಡಸಾದ ಗುರುತಿಗೆ ಮೈಮೇಲೆ ಹಚ್ಚೆ ಚುಚ್ಚಿಸಿಕೊಳ್ಳೋದು. ಆ ಹಚ್ಚೆಯ ಪದ್ಧತಿಯೂ ಆಗ ಕಡಿಮೆಯಾಗುತ್ತಾ ಬಂದಿತ್ತು, ಇವರು ಕೇಳಿ ಮಾಡಿಸಿದರು.

'ಮೊಆನಾ' 1926ರಲ್ಲಿ ಬಂತು. ದುಡ್ಡು ಮಾಡಲಿಲ್ಲ. ಆದರೆ ಜಾನ್ ಗ್ರಿಯರ್‌ಸನ್ ಅನ್ನೋ ಸ್ಕಾಟ್ಲೆಂಡ್‌ನ ಯುವಕ ನ್ಯೂಯಾರ್ಕಿನ ಪತ್ರಿಕೆಯೊಂದರಲ್ಲಿ ಅದರ ಬಗ್ಗೆ ಬರೆಯುವಾಗ ಡಾಕ್ಯುಮೆಂಟರಿ ಅನ್ನೋ ಪದ ಬಳಸಿದ. ಈಗ ಪ್ರಪಂಚವೆಲ್ಲ ಬಳಸೋ ಆ ಹೆಸರು ಹೀಗೆ ಚಾಲ್ತಿಗೆ ಬಂತು.

ಮಣ್ಣಿಲ್ಲದ ಊರಿನ ಬೇಸಾಯ

1932ರಲ್ಲಿ ಫ್ಲಾಹರ್ಟಿ ಐರ್ಲೆಂಡ್‌ನ ಪಶ್ಚಿಮಕ್ಕಿರುವ ಅರಾನ್ ದ್ವೀಪಕ್ಕೆ ಹೋದರು. ಅದು ಬರೀ ಸುಣ್ಣಕಲ್ಲಿನ ಬಂಡೆ. ಬೇಸಾಯ ಮಾಡಬೇಕು ಅಂದ್ರೆ ಮೊದಲು ಮಣ್ಣನ್ನೇ ಮಾಡಬೇಕು. ಬಂಡೆ ಒಡೆದು, ಸಂದಿಗೆ ಕಲ್ಲು ತುಂಬಿ, ಸಮುದ್ರದ ಪಾಚಿ ಬೆನ್ನ ಮೇಲೆ ಹೊತ್ತು ತಂದು ಹಾಸಿ, ಮರಳು ಹಾಕಿ, ಬಂಡೆ ಸಂದಿಯಲ್ಲಿ ಸಿಕ್ಕಿದ ಹಿಡಿ ಮಣ್ಣು ಬೆರೆಸಿ, ಅದರಲ್ಲಿ ಆಲೂಗೆಡ್ಡೆ ಬೆಳೆಯೋದು. 'ಮ್ಯಾನ್ ಆಫ್ ಅರಾನ್' ಸಿನಿಮಾದಲ್ಲಿ ಆ ಹೆಂಗಸು ಪಾಚಿ ಹೊತ್ತು ಬರೋದನ್ನು ನೋಡಿದರೆ, ಗೊಬ್ಬರದ ಮಂಕರಿ ಹೊತ್ತವರಿಗೆ ಬೇರೆ ವಿವರಣೆ ಬೇಡ.

ಇಲ್ಲೂ ಅದೇ ರೀತಿ. ಸುಮಾರು ಎರಡು ವರ್ಷ ಅಲ್ಲೇ ವಾಸ, ಅಲ್ಲೇ ರೀಲು ತೊಳೆಯೋದು. ಇಲ್ಲೂ ಅದೇ ಕೈಚಳಕ. ಸಿನಿಮಾದ ಗಂಡ, ಹೆಂಡತಿ, ಮಗ ಮೂವರೂ ಬೇರೆ ಬೇರೆ ಮನೆಯವರು. ದೀಪದ ಎಣ್ಣೆಗಾಗಿ ದೊಡ್ಡ ಶಾರ್ಕ್ ಮೀನು ಹಿಡಿಯೋದು ಆ ಊರಲ್ಲಿ ದಶಕಗಳ ಹಿಂದೆಯೇ ನಿಂತಿತ್ತು. ಸಿನಿಮಾಕ್ಕಾಗಿ ಅದನ್ನು ಹೊಸದಾಗಿ ಕಲಿಸಬೇಕಾಯ್ತು. ಬಿರುಗಾಳಿಯಲ್ಲಿ ದೋಣಿ ಇಳಿಸಿಸಿದರು. ಆ ಜನರನ್ನು ಹಾಗೆ ಸಾವಿನ ಬಾಯಿಗೆ ಒಡ್ಡಿದ್ದು ತಪ್ಪು ಅಂತ ಮುಂದೆ ಅವರೇ ಒಪ್ಪಿಕೊಂಡರು. ಜಮೀನ್ದಾರರ ಕಾಟ, ಜನ ಒಕ್ಕಲೆದ್ದ ಕಥೆ, ಇದ್ಯಾವುದೂ ಸಿನಿಮಾದಲ್ಲಿ ಇಲ್ಲ ಅಂತ ಟೀಕೆಯೂ ಬಂತು. 1934ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ವಿದೇಶಿ ಚಿತ್ರದ ಪ್ರಶಸ್ತಿಯೂ ಬಂತು.

ಮೈಸೂರಿಗೆ ಬಂದ ಫ್ಲಾಹರ್ಟಿ

ಈ ಹೆಸರು ನೋಡಿಯೇ ಲಂಡನ್‌ನ ದೊಡ್ಡ ನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾ ಇವರನ್ನು ಕರೆದರು. ಕಿಪ್ಲಿಂಗ್ ಬರೆದ ಆನೆ ಮಾವುತನ ಮಗ ತೂಮಾಯಿಯ ಕಥೆ ಸಿನಿಮಾ ಆಗಬೇಕು. ಕಾಡಾನೆಗಳು ರಾತ್ರಿ ಒಟ್ಟಾಗಿ ಕುಣಿಯುತ್ತವಂತೆ, ಅದನ್ನು ಯಾವ ಮನುಷ್ಯನೂ ನೋಡಿಲ್ಲ, ಆ ಹುಡುಗ ತನ್ನ ಆನೆ ಕಾಲಾ ನಾಗ್ ಮೇಲೆ ಕೂತು ನೋಡ್ತಾನೆ ಅನ್ನೋದು ಕಥೆ.

1935ರಲ್ಲಿ ಫ್ಲಾಹರ್ಟಿ, ಫ್ರಾನ್ಸಿಸ್, ದೊಡ್ಡ ಮಗಳು ಬಾರ್ಬರಾ, ತಮ್ಮ ಡೇವಿಡ್ ಮತ್ತು ಕ್ಯಾಮೆರಾಮನ್ ಓಸ್ಮಂಡ್ ಬೊರಡೇಲ್ ಮೈಸೂರಿಗೆ ಬಂದರು. ನಾಲ್ವಡಿ ಕೃಷ್ಣರಾಜ ಒಡೆಯರ್ ಅವರ ಕಾಲ, ಸರ್ ಮಿರ್ಜಾ ಇಸ್ಮಾಯಿಲ್ ದಿವಾನರು. ಸಂಸ್ಥಾನ ತುಂಬು ಮನಸ್ಸಿನಿಂದ ಸಹಾಯ ಮಾಡಿತು. ತಂಡ ಉಳಿಯಲು ಮೈಸೂರಿನ ಚಿತ್ತರಂಜನ್ ಮಹಲ್ ಬಿಟ್ಟುಕೊಟ್ಟರು. ಮುಂದೆ ಪ್ರೀಮಿಯರ್ ಸ್ಟುಡಿಯೋ ನಡೆದಿದ್ದೂ ಆ ಆವರಣದಲ್ಲೇ, ಈಗ ಅದು ಹೋಟೆಲ್. ಕಾಲಾ ನಾಗ್ ಪಾತ್ರಕ್ಕೆ ಅರಮನೆಯ ಐರಾವತ ಆನೆಯೇ ಸಿಕ್ಕಿತು.

ಮೈಸೂರು ಸಂಸ್ಥಾನ ಆನೆ ಹಿಡಿಯೋದರಲ್ಲಿ ಹೆಸರು ಮಾಡಿದ ಜಾಗ. ಕಾಕನಕೋಟೆ ಕಾಡಲ್ಲಿ ಖೆಡ್ಡಾ ನಡೀತಿತ್ತು. ಕಾಡಾನೆ ಹಿಂಡನ್ನು ತಮಟೆ, ಬೆಂಕಿ, ಕೂಗಾಟದಿಂದ ಹೊಳೆ ದಾಟಿಸಿ, ದಿಮ್ಮಿಗಳ ಬೇಲಿಯೊಳಗೆ ಕೂಡಿ ಹಾಕೋದು. ಆಮೇಲೆ ಪಳಗಿದ ಆನೆಗಳನ್ನು ಬಿಟ್ಟು ಕಟ್ಟಿಹಾಕೋದು. ಈ ಕೆಲಸದಲ್ಲಿ ಪರಂಪರೆಯಿಂದ ಬಂದ ಮಾವುತರು, ಕಾವಾಡಿಗಳ ಸಂಸಾರಗಳು ಈ ಭಾಗದಲ್ಲಿದ್ದವು.

ಮೊದಲ ಕೆಲಸ ಹುಡುಗನನ್ನು ಹುಡುಕೋದು. ನಟನೆ ಬರೋನು ಬೇಡ, ಆನೆ ಗೊತ್ತಿರೋನು ಬೇಕು. ಅರಮನೆಯ ಆನೆ ಲಾಯದಲ್ಲಿ ಸಾಬು ಕಣ್ಣಿಗೆ ಬಿದ್ದ. ಹನ್ನೊಂದು ವರ್ಷದ ಹುಡುಗ, ಅಪ್ಪ ಮಾವುತ, ತೀರಿಕೊಂಡಿದ್ದರು. ಇಂಗ್ಲಿಷ್ ಒಂದಕ್ಷರ ಗೊತ್ತಿಲ್ಲ. ಆದರೆ ಆನೆ ಅಂದ್ರೆ ಅವನಿಗೆ ಭಯವೇ ಇಲ್ಲ. ಸೊಂಡಿಲು ಹಿಡಿದು ಹತ್ತೋದು, ಹೊಳೆಯಲ್ಲಿ ಮಲಗಿಸಿ ಉಜ್ಜೋದು, ಕಿವಿ ಹಿಂದೆ ಕಾಲಿಟ್ಟು ತಿರುಗಿಸೋದು, ಎಲ್ಲ ಉಸಿರಾಡಿದಷ್ಟು ಸಲೀಸು. ಇದನ್ನು ಯಾವ ನಿರ್ದೇಶಕನೂ ಹೇಳಿಕೊಡೋಕಾಗಲ್ಲ ಅನ್ನೋದು ಫ್ಲಾಹರ್ಟಿಗೆ ಗೊತ್ತಿತ್ತು.

ಹಾಗಾಗಿ ಎಂದಿನಂತೆ ಕೂತರು. ಆನೆ ನೀರು ಕುಡಿಯೋದು, ಮಾವುತ ಮಾತಾಡಿಸೋದು, ದಾರಿಯಲ್ಲಿ ಮಗು ಮಲಗಿದ್ದರೆ ಅಷ್ಟು ದೊಡ್ಡ ಪ್ರಾಣಿ ಕಾಲು ಎತ್ತಿ ನೋಡಿಕೊಂಡು ದಾಟೋದು, ಇಂಥದ್ದನ್ನೆಲ್ಲ ತೆಗೆದರು. ಮಳೆಗಾಲ ಬಂತು, ಕೆಲಸ ನಿಂತಿತು. ಮಳೆ ಹೋಯ್ತು, ಮತ್ತೆ ಶುರುವಾಯ್ತು. ಒಂದು ವರ್ಷ ದಾಟಿತು. ಐವತ್ತು ಗಂಟೆಗೂ ಮೀರಿದಷ್ಟು ರೀಲು ಸೇರಿತು. ಕಥೆ ಮಾತ್ರ ಕಣ್ಣಿಗೆ ಕಾಣಲಿಲ್ಲ.

ಲಂಡನ್‌ನಲ್ಲಿ ಕೋರ್ಡಾಗೆ ಬಡ್ಡಿ ಬೆಳೀತಿತ್ತು. ಸಂತೆಗೆ ಮಾಲು ಬರಲಿಲ್ಲ ಅಂದ್ರೆ ದುಡ್ಡು ಹಾಕಿದವನು ಎಷ್ಟು ದಿನ ಸುಮ್ಮನಿರ್ತಾನೆ? ಮೊದಲು ಮಾಂಟಾ ಬೆಲ್ ಅನ್ನೋ ಹಾಲಿವುಡ್ ನಿರ್ದೇಶಕನನ್ನು ಕಳಿಸಿದರು. ಆಮೇಲೆ ಸ್ವಂತ ತಮ್ಮ ಜೋಲ್ಟಾನ್ ಕೋರ್ಡಾನನ್ನೇ ಕಳಿಸಿದರು. ಒಂದೇ ಸಿನಿಮಾಕ್ಕೆ ಹಲವು ಯಜಮಾನರಾದರು. 1936ರಲ್ಲಿ ಎಲ್ಲರನ್ನೂ ವಾಪಸ್ ಕರೆಸಿಕೊಂಡು, ಲಂಡನ್ ಹತ್ತಿರದ ಡೆನ್ಹಾಮ್ ಸ್ಟುಡಿಯೋದಲ್ಲಿ ಕಾಡಿನ ಸೆಟ್ ಹಾಕಿ, ಇಂಗ್ಲಿಷ್ ನಟರನ್ನು ಇಟ್ಟು, ಉಳಿದ ಭಾಗವನ್ನು ಜೋಲ್ಟಾನ್ ಮುಗಿಸಿದರು. ಅದಕ್ಕಾಗಿ ಸಾಬು ಮತ್ತು ಅವನ ಅಣ್ಣ ದಸ್ತಗೀರ್ ಹಡಗು ಹತ್ತಿ ಇಂಗ್ಲೆಂಡಿಗೆ ಹೋದರು. ಅಣ್ಣನ ಹೆಸರೇ ಮುಂದೆ ಸಾಬು ಹೆಸರಿನ ಜೊತೆ ಅಂಟಿಕೊಂಡು ಸಾಬು ದಸ್ತಗೀರ್ ಆಯ್ತು.

1937ರ ಏಪ್ರಿಲ್‌ನಲ್ಲಿ 'ಎಲಿಫೆಂಟ್ ಬಾಯ್' ಬಿಡುಗಡೆ ಆಯ್ತು. ಸುಮಾರು 80 ನಿಮಿಷದ ಸಿನಿಮಾ. ಈಗ ನೋಡಿದರೂ ಎಲ್ಲಿ ಮೈಸೂರು, ಎಲ್ಲಿ ಡೆನ್ಹಾಮ್ ಅಂತ ತಟ್ಟನೆ ಗೊತ್ತಾಗುತ್ತೆ. ಮೈಸೂರಿನ ಭಾಗದಲ್ಲಿ ಬಿಸಿಲು, ಧೂಳು, ಹೊಳೆ ಇದೆ. ಸ್ಟುಡಿಯೋ ಭಾಗದಲ್ಲಿ ಬಣ್ಣ ಬಳಿದ ಇಂಗ್ಲಿಷರು ಮಾವುತರಾಗಿ ಮಾತಾಡ್ತಾರೆ. ಆದರೂ ವೆನಿಸ್‌ನಲ್ಲಿ ಫ್ಲಾಹರ್ಟಿ ಮತ್ತು ಜೋಲ್ಟಾನ್ ಇಬ್ಬರಿಗೂ ಸೇರಿಸಿ ಅತ್ಯುತ್ತಮ ನಿರ್ದೇಶನದ ಪ್ರಶಸ್ತಿ ಕೊಟ್ಟರು. ಫ್ರಾನ್ಸಿಸ್ ಮೈಸೂರಿನಿಂದ ಬರೆದ ಪತ್ರಗಳು ಅದೇ ವರ್ಷ 'ಎಲಿಫೆಂಟ್ ಡ್ಯಾನ್ಸ್' ಅನ್ನೋ ಪುಸ್ತಕವಾಗಿ ಬಂದವು.

ಫ್ಲಾಹರ್ಟಿಗೆ ಕಾಯೋಕೆ ಬಿಡದೆ ಕಿತ್ತುಕೊಂಡ ಸಿನಿಮಾ ಇದು. ಹಾಗಿದ್ದರೂ ಜನ ಇದನ್ನು ನೋಡಿದ್ದು ಸಾಬುಗಾಗಿ. ಸಾಬು ಸಿಕ್ಕಿದ್ದು ಬಣ್ಣ ಹಚ್ಚಿದ ನಟ ಬೇಡ, ಆನೆಯ ಜೊತೆ ಬೆಳೆದವನೇ ಬೇಕು ಅನ್ನೋ ಹಠದಿಂದ.

ಅಮೆರಿಕದ ರೈತರನ್ನು ನೋಡಿದಾಗ

ವಯಸ್ಸು ಐವತ್ತೈದು ದಾಟಿದ ಮೇಲೆ ಫ್ಲಾಹರ್ಟಿ ಸ್ವಂತ ದೇಶಕ್ಕೆ ಮರಳಿದರು. 1939ರಲ್ಲಿ ಅಮೆರಿಕ ಸರ್ಕಾರವೇ ರೈತರ ಸ್ಥಿತಿಗತಿ ಬಗ್ಗೆ ಸಿನಿಮಾ ಮಾಡಿಕೊಡಿ ಅಂತ ಕೇಳಿತು. ಹೆಂಡತಿ ಜೊತೆ ಸಾವಿರಾರು ಮೈಲಿ ಸುತ್ತಿದರು. ಈ ಸಲ ಹಳೆಯ ಕಾಲವನ್ನು ಹೊಸದಾಗಿ ಕಟ್ಟೋ ಅಗತ್ಯ ಬೀಳಲಿಲ್ಲ. ಕಣ್ಣ ಮುಂದೆಯೇ ಬೇಕಾದಷ್ಟಿತ್ತು.

ಮೇಲ್ಮಣ್ಣು ಕೊಚ್ಚಿ ಹೋಗಿ ಕೊರಕಲು ಬಿದ್ದ ಹೊಲ. ಸಾಲಕ್ಕೆ ಜಮೀನು ಕಳಕೊಂಡು ಹಳೇ ಕಾರಿನಲ್ಲಿ ಪಾತ್ರೆ ಪಗಡೆ ತುಂಬಿಕೊಂಡು ಕೂಲಿ ಹುಡುಕುತ್ತಾ ಹೊರಟ ಸಂಸಾರಗಳು. ಹತ್ತಾರು ಆಳುಗಳ ಕೆಲಸ ಒಂದೇ ದಿನದಲ್ಲಿ ಮುಗಿಸುವ ಜೋಳ ಕೀಳುವ ಯಂತ್ರ, ಪಕ್ಕದಲ್ಲಿ ಕೆಲಸವಿಲ್ಲದೆ ನಿಂತ ಆಳುಗಳು. ಒಂದು ಕಡೆ ನಿದ್ದೆ ಮಾಡ್ತಿರೋ ಹುಡುಗನ ಕೈಬೆರಳು ಅಲ್ಲಾಡುತ್ತಲೇ ಇರುತ್ತೆ. ಕನಸಿನಲ್ಲೂ ಬಟಾಣಿ ಬಿಡಿಸ್ತಿದ್ದಾನೆ ಅಂತ ಗೊತ್ತಾದಾಗ ನೋಡೋರಿಗೆ ಗಂಟಲು ಕಟ್ಟುತ್ತೆ.

ಈ ಸಿನಿಮಾಕ್ಕೆ ಫ್ಲಾಹರ್ಟಿ ತಮ್ಮದೇ ದನಿ ಕೊಟ್ಟರು. 'ದಿ ಲ್ಯಾಂಡ್' ಮುಗಿಯೋ ಹೊತ್ತಿಗೆ ಅಮೆರಿಕ ಯುದ್ಧಕ್ಕೆ ಇಳಿದಿತ್ತು. ದೇಶ ಹೀಗಿದೆ ಅಂತ ಹೊರಗಿನವರಿಗೆ ತೋರಿಸೋದು ಸರ್ಕಾರಕ್ಕೆ ಬೇಕಿರಲಿಲ್ಲ. 1942ರಲ್ಲಿ ಒಂದಿಷ್ಟು ಕಡೆ ತೋರಿಸಿ ಸಾರ್ವಜನಿಕ ಪ್ರದರ್ಶನದಿಂದ ಹಿಂದಕ್ಕೆ ಪಡೆದರು. ಇದ್ದದ್ದನ್ನು ಇದ್ದ ಹಾಗೆ ಹೆಚ್ಚು ತೋರಿಸಿದ ಸಿನಿಮಾವನ್ನೇ ಜನ ನೋಡದ ಹಾಗಾಯ್ತು.

ಕೊನೆಯ ಸಿನಿಮಾ, ಕೊನೆಯ ದಿನ

ಕೊನೆಯ ದೊಡ್ಡ ಸಿನಿಮಾ 'ಲೂಸಿಯಾನಾ ಸ್ಟೋರಿ', 1948ರದ್ದು. ದುಡ್ಡು ಸ್ಟ್ಯಾಂಡರ್ಡ್ ಆಯಿಲ್ ಕಂಪನಿಯದ್ದು, ಸುಮಾರು 2 ಲಕ್ಷ 58 ಸಾವಿರ ಡಾಲರ್. ಕಂಪನಿಯ ಹೆಸರು ಪರದೆ ಮೇಲೆ ಬರಬಾರದು, ಸಿನಿಮಾದ ಹಕ್ಕು ತಮ್ಮದೇ ಅನ್ನೋ ಒಪ್ಪಂದ ಫ್ಲಾಹರ್ಟಿಯದ್ದು. ಜೌಗು ನೀರಿನಲ್ಲಿ ದೋಣಿ ಹುಟ್ಟು ಹಾಕುವ ಒಬ್ಬ ಹುಡುಗ, ಅವನ ಸಾಕಿದ ರಕೂನ್, ಅಲ್ಲಿಗೆ ತೇಲಿ ಬರುವ ಎಣ್ಣೆ ಬಾವಿಯ ಗೋಪುರ. ನೋಡೋಕೆ ಬಹಳ ಚೆಂದ. ಎಣ್ಣೆ ಕಂಪನಿಯಿಂದ ನೀರಿಗೆ, ಮೀನಿಗೆ ಏನಾಗುತ್ತೆ ಅನ್ನೋದು ಮಾತ್ರ ಅದರಲ್ಲಿ ಬರಲ್ಲ. ಅದರ ಸಂಗೀತಕ್ಕೆ ವರ್ಜಿಲ್ ಥಾಮ್ಸನ್ ಅವರಿಗೆ 1949ರ ಪುಲಿಟ್ಜರ್ ಸಿಕ್ಕಿತು. ಕ್ಯಾಮೆರಾ ಹಿಡಿದ ಹುಡುಗ ರಿಚರ್ಡ್ ಲೀಕಾಕ್ ಮುಂದೆ, ಸಣ್ಣ ಕ್ಯಾಮೆರಾ ಇಟ್ಟುಕೊಂಡು ಯಾರಿಗೂ ಏನೂ ಹೇಳಿ ಮಾಡಿಸದೆ ಇದ್ದದ್ದನ್ನೇ ಹಿಡಿಯುವ ಹೊಸ ರೀತಿಯನ್ನು ಬೆಳೆಸಿದವರಲ್ಲಿ ಒಬ್ಬರಾದರು. ಗುರುವಿನಿಂದ ಕಾಯೋದನ್ನು ಕಲಿತರು, ನಾಟಕ ಮಾಡಿಸೋದನ್ನು ಬಿಟ್ಟರು.

1951ರ ಜುಲೈ 23ರಂದು ವರ್ಮಾಂಟ್ ರಾಜ್ಯದ ಡಮ್ಮರ್‌ಸ್ಟನ್‌ನ ತಮ್ಮ ತೋಟದ ಮನೆಯಲ್ಲಿ ಫ್ಲಾಹರ್ಟಿ ತೀರಿಕೊಂಡರು. 67 ವರ್ಷ ವಯಸ್ಸು. ಇಷ್ಟು ದೊಡ್ಡ ಹೆಸರು ಮಾಡಿದರೂ ಪೂರ್ತಿಯಾಗಿ ತಮ್ಮದು ಅನ್ನೋ ದೊಡ್ಡ ಸಿನಿಮಾ ಬೆರಳೆಣಿಕೆಯಷ್ಟು. ನಾಲ್ಕು ವರ್ಷದ ನಂತರ ಫ್ರಾನ್ಸಿಸ್ ಅದೇ ತೋಟದ ಮನೆಗೆ ಸಿನಿಮಾ ಮಾಡುವವರನ್ನು ಕರೆದು, ಒಟ್ಟಿಗೆ ಕೂತು ನೋಡಿ ಚರ್ಚಿಸುವ ಪದ್ಧತಿ ಶುರು ಮಾಡಿದರು. ಫ್ಲಾಹರ್ಟಿ ಸೆಮಿನಾರ್ ಅನ್ನೋ ಹೆಸರಿನಲ್ಲಿ ಅದು ಮುಂದುವರಿದಿದೆ.

ಸಾಬು ಮತ್ತೆ ಕಾರಾಪುರದ ಬದುಕಿಗೆ ಮರಳಲಿಲ್ಲ. 'ದಿ ಥೀಫ್ ಆಫ್ ಬಾಗ್ದಾದ್', 'ಜಂಗಲ್ ಬುಕ್' ಸಿನಿಮಾಗಳಲ್ಲಿ ಮಿಂಚಿದ. ಅಮೆರಿಕದ ಪ್ರಜೆಯಾದ. ಯುದ್ಧದಲ್ಲಿ ಅಮೆರಿಕದ ಬಾಂಬರ್ ವಿಮಾನದ ಗನ್ನರ್ ಆಗಿ ಹೋರಾಡಿದ. 1963ರ ಡಿಸೆಂಬರ್ 2ರಂದು, ಬರೀ 39ನೇ ವಯಸ್ಸಿಗೆ ಹೃದಯಾಘಾತದಿಂದ ತೀರಿಕೊಂಡ.

ಕಾಕನಕೋಟೆಯ ಕಡೆಯ ಖೆಡ್ಡಾ ನಡೆದಿದ್ದು 1971ರಲ್ಲಿ. ಆಮೇಲೆ ಕಾನೂನು ಬಂತು, ಕಬಿನಿ ಅಣೆಕಟ್ಟೆಯ ನೀರೂ ಬಂತು. ಆ ಕೆಲಸ, ಆ ಗದ್ದಲ ಈಗ ಇಲ್ಲ. ಆದರೆ ಬಳ್ಳೆ ಶಿಬಿರದಲ್ಲಿ ಮಾವುತರು ಬೆಳಿಗ್ಗೆ ಆನೆಯನ್ನು ನೀರಿಗಿಳಿಸಿ ಮಲಗಿಸಿ ಉಜ್ಜುವುದು ಇವತ್ತಿಗೂ ಇದೆ. ಅವರ ಮಕ್ಕಳು ದಡದಲ್ಲಿ ಕೂತು ನೋಡ್ತಾ ಕಲಿಯೋದೂ ಇದೆ. 1935ರಲ್ಲಿ ಫ್ಲಾಹರ್ಟಿ ತಿಂಗಳುಗಟ್ಟಲೆ ಕೂತು ನೋಡಿದ್ದು ಈ ಕೆಲಸವನ್ನೇ.